ಗದ್ದೆಗೆ ಇಳಿದ ಬಸವನಹುಳು, ಮಿದುಳಿಗೆ ಏರುವ ಜಂತು

ಪರದೆಯ ಮೇಲಿನ ಈ ಚಿತ್ರವನ್ನು ಸ್ವಲ್ಪ ಹೊತ್ತು ನೋಡಿ. ನೀರು ನಿಂತ ಭತ್ತದ ಗದ್ದೆ. ನೀರಿನಿಂದ ಒಂದು ಗೇಣು ಮೇಲೆ, ಪೈರಿನ ದಂಟಿಗೆ ಗಾಢ ಗುಲಾಬಿ ಬಣ್ಣದ ಗೊಂಚಲೊಂದು ಅಂಟಿಕೊಂಡಿದೆ. ಹಿಂದಿನ ಸಾಲಿನಲ್ಲಿ ಕುಳಿತವರಿಗೆ ಅದು ಹೂವಿನಂತೆ ಕಾಣುತ್ತಿರಬಹುದು. ಅದು ಮೊಟ್ಟೆಗಳ ಗೊಂಚಲು. ಒಂದೊಂದು ಗೊಂಚಲಿನಲ್ಲಿ 200ರಿಂದ 600 ಮೊಟ್ಟೆಗಳು, ಒಂದೊಂದು ಮೊಟ್ಟೆ ಎರಡು ಮೂರು ಮಿಲಿಮೀಟರ್ ಅಗಲ. ರಾತ್ರಿ ಹೊತ್ತಿನಲ್ಲಿ ತಾಯಿ ನೀರಿನಿಂದ ಮೇಲಕ್ಕೆ ಹತ್ತಿ, ದಂಟನ್ನೋ ಬದುವಿನ ಕಲ್ಲನ್ನೋ ತೂಬಿನ ಗೋಡೆಯನ್ನೋ ಅಪ್ಪಿಕೊಂಡು, ಒಂದರ ಪಕ್ಕದಲ್ಲಿ ಒಂದರಂತೆ ಇಟ್ಟು ಇಳಿದು ಹೋಗುತ್ತದೆ. ಸುಮಾರು ಎರಡು ವಾರದಲ್ಲಿ ಬಣ್ಣ ಮಾಸುತ್ತದೆ, ಮರಿಗಳು ಒಡೆದು ನೀರಿಗೆ ಉದುರುತ್ತವೆ.

ಇಷ್ಟು ಎದ್ದು ಕಾಣುವ ಮೊಟ್ಟೆಯನ್ನು ಹಕ್ಕಿಗಳು ಹೆಕ್ಕಿ ತಿನ್ನಬೇಕಿತ್ತಲ್ಲವೇ? ತಿನ್ನುವುದಿಲ್ಲ. ಅರ್ಜೆಂಟೀನಾದ ಲಾ ಪ್ಲಾಟಾ ನಗರದ ವಿಜ್ಞಾನಿಗಳು ಈ ಮೊಟ್ಟೆಯೊಳಗಿನ ಪ್ರೋಟೀನ್‌ಗಳನ್ನು ವರ್ಷಗಟ್ಟಲೆ ಬಿಡಿಸಿ ನೋಡಿದ್ದಾರೆ. ಒಂದು ಪ್ರೋಟೀನ್ ನರಗಳಿಗೆ ವಿಷ. ಮತ್ತೊಂದು ತಿಂದವರ ಜೀರ್ಣರಸವನ್ನೇ ಕಟ್ಟಿಹಾಕುತ್ತದೆ. ಆ ಗುಲಾಬಿ ಬಣ್ಣ ತನ್ನನ್ನು ತಿನ್ನಬೇಡ ಎಂದು ದೂರದಿಂದಲೇ ಕೊಡುವ ಎಚ್ಚರಿಕೆ. ಈ ಮೊಟ್ಟೆಯನ್ನು ತಿಂದು ಅರಗಿಸಿಕೊಳ್ಳುವ ಜೀವಿಗಳು ಬಹಳ ಕಡಿಮೆ. ಬೆಂಕಿ ಇರುವೆ ಅಂತಹ ಒಂದು.

ಇದನ್ನಿಟ್ಟ ಪ್ರಾಣಿಯ ವೈಜ್ಞಾನಿಕ ಹೆಸರು ಪೊಮೇಸಿಯಾ ಕೆನಾಲಿಕ್ಯುಲೇಟಾ. ಬಂಗಾರದ ಸೇಬು ಬಸವನಹುಳು ಎಂದು ಕರೆಯೋಣ, ವ್ಯಾಪಾರಿಗಳು ಅದನ್ನು ಮಾರಿದ್ದು ಅಂತಹ ಹೆಸರಿನಲ್ಲೇ. ಅದರ ತವರು ದಕ್ಷಿಣ ಅಮೆರಿಕ. ಅರ್ಜೆಂಟೀನಾ, ಉರುಗ್ವೆ, ಪರಾಗ್ವೆ, ದಕ್ಷಿಣ ಬ್ರೆಜಿಲ್ ಸೇರುವ ಲಾ ಪ್ಲಾಟಾ ನದಿಯ ಜಲಾನಯನ ಪ್ರದೇಶ. ನಮ್ಮ ಕೆರೆ ಗದ್ದೆಗಳಲ್ಲಿರುವ ನಾಡ ಬಸವನಹುಳು ಪೈಲಾ ಇದರ ದಾಯಾದಿ. ಎರಡಕ್ಕೂ ಗುಂಡನೆಯ ಚಿಪ್ಪು, ಬಾಯಿಗೆ ಮುಚ್ಚಳ. ಎರಡಕ್ಕೂ ಕಿವಿರೂ ಇದೆ, ಶ್ವಾಸಕೋಶವೂ ಇದೆ. ನೀರು ಕೊಳೆತು ಆಮ್ಲಜನಕ ಕಡಿಮೆಯಾದರೆ ಕೊಳವೆಯೊಂದನ್ನು ನೀರಿನ ಮೇಲಕ್ಕೆ ಚಾಚಿ ಗಾಳಿ ಎಳೆದುಕೊಳ್ಳುತ್ತವೆ. ಗದ್ದೆ ಒಣಗಿದರೆ ಮುಚ್ಚಳ ಬಿಗಿದುಕೊಂಡು ಕೆಸರಿನಲ್ಲಿ ತಿಂಗಳುಗಟ್ಟಲೆ ಕಾಯುತ್ತವೆ. ಆದರೆ ನಮ್ಮ ಪೈಲಾ ಮೊಟ್ಟೆಯಿಡುವುದು ಕೆರೆಯಂಚಿನ ಹಸಿ ಮಣ್ಣಿನ ಗುಳಿಯಲ್ಲಿ, ಮತ್ತು ಆ ಮೊಟ್ಟೆಗಳು ಬಿಳಿ. ಇಲ್ಲಿರುವ ರೈತರು ಈ ವ್ಯತ್ಯಾಸವನ್ನು ಮನಸ್ಸಿನಲ್ಲಿಟ್ಟುಕೊಳ್ಳಬೇಕು. ಚಿಪ್ಪು ನೋಡಿ ಗುರುತು ಹಿಡಿಯುವುದು ಪರಿಣತರಿಗೂ ಕಷ್ಟ. ಮೊಟ್ಟೆ ನೋಡಿದರೆ ಶಾಲೆಯ ಮಗುವೂ ಹೇಳಬಲ್ಲದು.

ಲಾ ಪ್ಲಾಟಾದಿಂದ ಏಷ್ಯಾಕ್ಕೆ ಅದು ತಾನಾಗಿ ಬರಲಿಲ್ಲ. ಹಡಗಿನ ತಳಕ್ಕೆ ಅಂಟಿಕೊಂಡೋ ಪ್ರವಾಹದಲ್ಲಿ ತೇಲಿಕೊಂಡೋ ಬಂದದ್ದೂ ಅಲ್ಲ. 1979–80ರ ಸುಮಾರಿಗೆ ಅರ್ಜೆಂಟೀನಾದಿಂದ ತೈವಾನ್‌ಗೆ ಅದನ್ನು ತಂದರು. ಲೆಕ್ಕಾಚಾರ ಸರಳವಾಗಿತ್ತು: ಬೇಗ ಬೆಳೆಯುತ್ತದೆ, ಏನು ಹಾಕಿದರೂ ತಿನ್ನುತ್ತದೆ, ಮಾಂಸ ಮಾರಬಹುದು, ಹೊರದೇಶಕ್ಕೂ ಕಳುಹಿಸಬಹುದು. ಅಲ್ಲಿಂದ ಕೆಲವೇ ವರ್ಷಗಳಲ್ಲಿ ಜಪಾನ್, ಚೀನಾದ ಗ್ವಾಂಗ್‌ಡಾಂಗ್, ಫಿಲಿಪ್ಪೀನ್ಸ್, ಆಮೇಲೆ ಥಾಯ್ಲೆಂಡ್, ವಿಯೆಟ್ನಾಂ. ಫಿಲಿಪ್ಪೀನ್ಸ್‌ನಲ್ಲಿ ಬಡ ರೈತ ಕುಟುಂಬಗಳಿಗೆ ಅಗ್ಗದ ಪ್ರೋಟೀನ್, ಹಿತ್ತಿಲಲ್ಲೇ ಆದಾಯ ಎಂದು ಸರ್ಕಾರವೇ ಪ್ರೋತ್ಸಾಹಿಸಿತು. ಉದ್ದೇಶ ಕೆಟ್ಟದ್ದಾಗಿರಲಿಲ್ಲ. ಆದರೆ ಜನಕ್ಕೆ ಅದರ ರುಚಿ ಹಿಡಿಸಲಿಲ್ಲ, ಮಾರುಕಟ್ಟೆ ಕುಸಿಯಿತು. ಸಾಕಿದವರು ತೊಟ್ಟಿಗಳನ್ನು ಹಾಗೇ ಬಿಟ್ಟರು, ಕೆಲವರು ಕಾಲುವೆಗೆ ಸುರಿದರು. ಬೀದಿಯಲ್ಲಿ ಹೋಗುವ ಮಾರಿಯನ್ನು ಮನೆಗೆ ಕರೆದಂತಾಯಿತು.

ಭತ್ತದ ವಿಷಯದಲ್ಲಿ ಆದದ್ದನ್ನು ನಿಮಗೆ ವಿವರಿಸಿ ಹೇಳುವ ಅಗತ್ಯವಿಲ್ಲ, ನಾಟಿ ಮಾಡಿದ ಮೊದಲ ವಾರಗಳಲ್ಲಿ ಸಸಿ ಎಷ್ಟು ಎಳಸು ಎಂಬುದು ನಿಮಗೆ ಗೊತ್ತು. ಈ ಹುಳು ಸಂಜೆ ಹೊರಬಂದು ದಂಟನ್ನು ಬುಡದಲ್ಲೇ ಕತ್ತರಿಸುತ್ತದೆ. ಬೆಳಗ್ಗೆ ಹೋಗಿ ನೋಡಿದರೆ ಗದ್ದೆಯ ನಡುವೆ ಬರೀ ನೀರು, ಅಲ್ಲಲ್ಲಿ ತೇಲುವ ಎಲೆ ತುಂಡುಗಳು. ನೇರ ಬಿತ್ತನೆಯ ಗದ್ದೆಯಲ್ಲಿ ನಷ್ಟ ಇನ್ನೂ ಹೆಚ್ಚು. ಅಮೆರಿಕದ ಅರ್ಥಶಾಸ್ತ್ರಜ್ಞೆ ರೋಸಮಂಡ್ ನೇಯ್ಲರ್ ಹಾಕಿದ ಲೆಕ್ಕದ ಪ್ರಕಾರ, 1990ರ ಒಂದೇ ವರ್ಷದಲ್ಲಿ ಫಿಲಿಪ್ಪೀನ್ಸ್‌ನ ಭತ್ತದ ಕೃಷಿಗೆ ಇದರಿಂದ ಬಿದ್ದ ಹೊರೆ 2.8 ಕೋಟಿಯಿಂದ 4.5 ಕೋಟಿ ಡಾಲರ್. ಅದರಲ್ಲಿ ಬೆಳೆ ನಷ್ಟದ ಜೊತೆಗೆ ಮತ್ತೆ ನಾಟಿ ಮಾಡಿದ ಖರ್ಚು, ಹುಳುವನ್ನು ಕೊಲ್ಲಲು ಮಾಡಿದ ಖರ್ಚೂ ಸೇರಿದೆ. ಆ ಖರ್ಚಿನ ಒಂದು ಭಾಗ ತವರ ಬೆರೆತ ಘೋರ ವಿಷಗಳಿಗೆ ಹೋಯಿತು. ಬರಿಗಾಲಲ್ಲಿ, ಬರಿಗೈಯಲ್ಲಿ ಗದ್ದೆಗಿಳಿದು ಅದನ್ನು ಹಾಕಿದವರ ಚರ್ಮ ಕೆಟ್ಟಿತು, ಉಗುರುಗಳು ಹಾಳಾದವು, ಗದ್ದೆಯ ಮೀನುಗಳು ಸತ್ತವು. ಕೊನೆಗೆ ಆ ವಿಷಗಳನ್ನು ನಿಷೇಧಿಸಬೇಕಾಯಿತು. ಹುಳುವನ್ನು ತಂದ ನಿರ್ಧಾರ ಯಾರದ್ದೋ, ಉಗುರು ಕಳೆದುಕೊಂಡವರು ಇನ್ಯಾರೋ. ಈ ಮಾತು ನನ್ನನ್ನು ಇವತ್ತಿಗೂ ಕಾಡುತ್ತದೆ.

ಇಲ್ಲಿ ಸ್ವಲ್ಪ ದಾರಿ ಬಿಟ್ಟು ಒಂದು ಹಕ್ಕಿಯ ವಿಷಯ ಹೇಳುತ್ತೇನೆ, ಏಕೆಂದರೆ ಆ ಹಕ್ಕಿ ನಮ್ಮದೂ ಹೌದು. ರಂಗನತಿಟ್ಟಿಗೆ ಹೋದವರು ಬಾಯ್ಕಳಕ ಕೊಕ್ಕರೆಯನ್ನು ನೋಡಿರುತ್ತೀರಿ. ಕೊಕ್ಕು ಮುಚ್ಚಿದ್ದರೂ ಮೇಲಿನ ಕೊಕ್ಕಿಗೂ ಕೆಳಗಿನದಕ್ಕೂ ನಡುವೆ ಒಂದು ಸಂದು ಉಳಿದಿರುತ್ತದೆ. ಅದರ ಮುಖ್ಯ ಆಹಾರವೇ ಬಸವನಹುಳು. ಕೊಕ್ಕಿನ ಚೂಪಾದ ತುದಿಯನ್ನು ಮುಚ್ಚಳದ ಅಂಚಿಗೆ ತೂರಿಸಿ, ಒಳಗಿನ ಸ್ನಾಯುವನ್ನು ಕತ್ತರಿಸಿ, ಚಿಪ್ಪು ಒಡೆಯದೆಯೇ ಮಾಂಸವನ್ನು ಇಡಿಯಾಗಿ ಎಳೆದು ತೆಗೆಯುತ್ತದೆ. ಥಾಯ್ಲೆಂಡಿನಲ್ಲಿ ಬಂಗಾರದ ಬಸವನಹುಳು ಗದ್ದೆ ತುಂಬಿದ ಮೇಲೆ ಈ ಕೊಕ್ಕರೆಗಳ ಸಂಖ್ಯೆ ಬಹಳ ಏರಿತು. ಹಿಂದೆ ಋತುವಿಗೆ ಬಂದು ಹೋಗುತ್ತಿದ್ದ ಹಕ್ಕಿಗಳು ವರ್ಷವಿಡೀ ಉಳಿಯತೊಡಗಿದವು. ಹಕ್ಕಿ ಉಂಡು ಬೆಳೆಯಿತು, ಆದರೆ ಹುಳು ಮುಗಿಯಲಿಲ್ಲ. ಒಂದೇ ಗೊಂಚಲಿನಲ್ಲಿ ನೂರಾರು ಮೊಟ್ಟೆಯಿಟ್ಟು, ಮರಿ ಎರಡು ಮೂರು ತಿಂಗಳಿಗೇ ತಾಯಿಯಾಗುವ ಪ್ರಾಣಿಯನ್ನು ಹಕ್ಕಿಯೊಂದರಿಂದಲೇ ಹತೋಟಿಗೆ ತರಲಾಗದು. ಹಾಗೆಂದು ಹಕ್ಕಿಯ ಕೆಲಸ ಸಣ್ಣದೆಂದು ನಾನು ಹೇಳುತ್ತಿಲ್ಲ. ವಿಷ ಸುರಿದ ಗದ್ದೆಯಲ್ಲಿ ಆ ಕೆಲಸವೂ ನಿಂತುಹೋಗುತ್ತದೆ.

ಇನ್ನು ರೋಗದ ವಿಷಯ. ಇವತ್ತು ನಾನು ಮುಖ್ಯವಾಗಿ ಹೇಳಬೇಕಾದದ್ದು ಇದೇ.

1933ರಲ್ಲಿ ಚೀನಾದ ಗ್ವಾಂಗ್‌ಝೌ ನಗರದಲ್ಲಿ ಚೆನ್ ಶಿನ್‌ತಾವೊ ಎಂಬ ಪರೋಪಜೀವಿ ತಜ್ಞರು ಇಲಿಗಳನ್ನು ಕೊಯ್ದು ನೋಡುತ್ತಿದ್ದರು. ಇಲಿಯ ಶ್ವಾಸಕೋಶಕ್ಕೆ ರಕ್ತ ಒಯ್ಯುವ ನಾಳದಲ್ಲಿ ಅವರಿಗೆ ದಾರದಷ್ಟು ತೆಳ್ಳನೆಯ ಜಂತುಗಳು ಸಿಕ್ಕವು. ಹೆಣ್ಣು ಜಂತು ಎರಡು ಮೂರು ಸೆಂಟಿಮೀಟರ್ ಉದ್ದ. ರಕ್ತ ತುಂಬಿದ ಕೆಂಪು ಕರುಳಿನ ಸುತ್ತ ಬಿಳಿ ಗರ್ಭಕೋಶ ಸುರುಳಿ ಸುತ್ತಿಕೊಂಡಿರುತ್ತದೆ, ಹಾಗಾಗಿ ಬರಿಗಣ್ಣಿಗೂ ಕೆಂಪು ಬಿಳಿ ಪಟ್ಟಿಗಳು ಹೆಣೆದುಕೊಂಡಂತೆ ತೋರುತ್ತದೆ. ಇಂದು ಅದರ ಹೆಸರು ಆಂಜಿಯೊಸ್ಟ್ರಾಂಜಿಲಸ್ ಕ್ಯಾಂಟೊನೆನ್ಸಿಸ್. ನಾವು ಇಲಿಯ ಶ್ವಾಸಕೋಶದ ಜಂತು ಎನ್ನೋಣ.

ಅದರ ಬದುಕು ಹೀಗೆ ಸಾಗುತ್ತದೆ, ನಿಧಾನವಾಗಿ ಕೇಳಿ. ಜಂತು ಇಲಿಯ ರಕ್ತನಾಳದಲ್ಲಿ ಮೊಟ್ಟೆಯಿಡುತ್ತದೆ. ಮೊಟ್ಟೆ ಶ್ವಾಸಕೋಶದಲ್ಲಿ ಒಡೆದು ಮರಿಜಂತುಗಳು ಗಂಟಲಿಗೆ ಏರುತ್ತವೆ. ಇಲಿ ಅವನ್ನು ನುಂಗುತ್ತದೆ, ಹಿಕ್ಕೆಯಲ್ಲಿ ಹೊರಹಾಕುತ್ತದೆ. ಆ ಹಿಕ್ಕೆಯನ್ನು ಬಸವನಹುಳು ಮೇಯುತ್ತದೆ. ಅದರ ಮೈಯಲ್ಲಿ ಮರಿಜಂತು ಎರಡು ಸಲ ಪೊರೆ ಕಳಚಿ, ಎರಡು ಮೂರು ವಾರದಲ್ಲಿ ಮುಂದಿನ ಪ್ರಾಣಿಗೆ ಹೋಗಲು ಸಿದ್ಧವಾಗುತ್ತದೆ. ಇಲಿ ಬಸವನಹುಳುವನ್ನು ತಿಂದಾಗ ಮರಿಜಂತು ಕರುಳನ್ನು ಕೊರೆದು ರಕ್ತ ಸೇರಿ, ಮೊದಲು ಮಿದುಳಿಗೆ ಹೋಗುತ್ತದೆ. ಅಲ್ಲಿ ಮತ್ತೆ ಎರಡು ಸಲ ಪೊರೆ ಕಳಚಿ ಬೆಳೆದು, ಬಳಿಕ ಶ್ವಾಸಕೋಶದ ನಾಳಕ್ಕೆ ಇಳಿದು ಸಂಸಾರ ಹೂಡುತ್ತದೆ. ಇಲಿಯೇ ಅದರ ಮನೆ, ಆದರೆ ಬಸವನಹುಳುವನ್ನು ಹಾದುಹೋಗದೆ ಒಂದು ಇಲಿಯಿಂದ ಇನ್ನೊಂದು ಇಲಿಗೆ ಅದು ಹೋಗಲಾರದು. ಈ ಸುತ್ತನ್ನು 1950ರ ದಶಕದಲ್ಲಿ ಆಸ್ಟ್ರೇಲಿಯಾದ ಬ್ರಿಸ್ಬೇನ್‌ನಲ್ಲಿ ಮಕೆರಾಸ್ ಮತ್ತು ಸ್ಯಾಂಡರ್ಸ್ ಬಿಡಿಸಿಟ್ಟರು.

ಈಗ ಎರಡು ಎಳೆಗಳನ್ನು ಸೇರಿಸಿ. ಜಂತು ಏಷ್ಯಾದ ಇಲಿಗಳಲ್ಲಿ ಮೊದಲೇ ಇತ್ತು. ಬಂಗಾರದ ಬಸವನಹುಳು ದಕ್ಷಿಣ ಅಮೆರಿಕದ್ದು. ಲಕ್ಷಾಂತರ ವರ್ಷಗಳಲ್ಲಿ ಎಂದೂ ಎದುರಾಗದಿದ್ದ ಎರಡು ಜೀವಿಗಳು ತೈವಾನ್ ಮತ್ತು ದಕ್ಷಿಣ ಚೀನಾದ ಗದ್ದೆಗಳಲ್ಲಿ ಮುಖಾಮುಖಿಯಾದವು. ಈ ಹುಳು ರೋಗವನ್ನು ಹೊತ್ತು ತರಲಿಲ್ಲ. ಬರುವಾಗ ಅದು ಆರೋಗ್ಯವಾಗಿಯೇ ಇತ್ತು. ಬಂದ ಮೇಲೆ, ಇಲಿಗಳು ಓಡಾಡುವ ಬದುವಿನ ಪಕ್ಕದಲ್ಲೇ, ಮೇಯಲು ಸಿಕ್ಕಿದ್ದನ್ನೆಲ್ಲ ಮೇಯುತ್ತಾ, ಎಣಿಸಲಾಗದಷ್ಟು ಸಂಖ್ಯೆಯಲ್ಲಿ ಬೆಳೆಯಿತು. ಸಣ್ಣಪುಟ್ಟ ನಾಡ ಬಸವನಹುಳುಗಳಲ್ಲಿ ಅಷ್ಟಿಷ್ಟು ಉಳಿದುಕೊಂಡಿದ್ದ ಜಂತುವಿಗೆ ದೊಡ್ಡ ಮೈಯ, ಮನುಷ್ಯರು ಬೇಕೆಂದೇ ಹಿಡಿದು ತಿನ್ನುವ ಹೊಸ ಆಶ್ರಯ ಸಿಕ್ಕಿತು. ಹೊಸ ಜೀವಿಯನ್ನು ತರುವ ಮುನ್ನ ಅದರ ಜೊತೆ ಯಾವ ರೋಗ ಬರುತ್ತದೆ ಎಂದು ನಾವು ಪರೀಕ್ಷಿಸುತ್ತೇವೆ. ಇಲ್ಲಿ ಈಗಾಗಲೇ ಇರುವ ಯಾವ ರೋಗಕ್ಕೆ ಅದು ನೆಲೆ ಕೊಡುತ್ತದೆ ಎಂಬ ಪ್ರಶ್ನೆ ಕೇಳುವವರು ಕಡಿಮೆ. ಇಲ್ಲಿರುವ ವಿದ್ಯಾರ್ಥಿಗಳಿಗೆ ನನ್ನ ವಿನಂತಿ: ಆ ಎರಡನೆಯ ಪ್ರಶ್ನೆಯನ್ನೂ ಕೇಳಲು ಕಲಿಯಿರಿ.

ಚೀನಾದ ವಿಜ್ಞಾನಿಗಳು ದೇಶವ್ಯಾಪಿ ಸಮೀಕ್ಷೆ ನಡೆಸಿ 2009ರಲ್ಲಿ ಫಲಿತಾಂಶ ಪ್ರಕಟಿಸಿದರು. ಪರೀಕ್ಷಿಸಿದ ಬಂಗಾರದ ಬಸವನಹುಳುಗಳಲ್ಲಿ ಶೇ 7ರಷ್ಟರಲ್ಲಿ, ಆಫ್ರಿಕದ ದೈತ್ಯ ಬಸವನಹುಳುಗಳಲ್ಲಿ ಶೇ 13ರಷ್ಟರಲ್ಲಿ ಈ ಜಂತುವಿನ ಮರಿಗಳಿದ್ದವು. ಎರಡೂ ಹೊರಗಿನಿಂದ ಬಂದವು ಎಂಬುದನ್ನು ಗಮನಿಸಿ. ಪರೀಕ್ಷೆ ಮಾಡಿದ ಬಗೆಯೂ ಸೊಗಸಾದದ್ದು. ಚಿಪ್ಪು ಒಡೆದು, ಚೀಲದಂತಿರುವ ಶ್ವಾಸಕೋಶವನ್ನು ಕತ್ತರಿಸಿ ಹರವಿ, ಬೆಳಕಿಗೆ ಹಿಡಿದು ಸೂಕ್ಷ್ಮದರ್ಶಕದಲ್ಲಿ ನೋಡುತ್ತಾರೆ. ಪಾರದರ್ಶಕ ಪೊರೆಯಲ್ಲಿ ಸಣ್ಣ ಗಂಟುಗಳು, ಪ್ರತಿ ಗಂಟಿನೊಳಗೆ ಸುರುಳಿ ಸುತ್ತಿ ಮಲಗಿದ ಮರಿಜಂತು. ಸೂಜಿಯಿಂದ ಗಂಟು ಬಿಡಿಸಿದರೆ ಅದು ಮೈ ಬಿಚ್ಚಿ ಹೊರಳತೊಡಗುತ್ತದೆ.

ಮನುಷ್ಯರ ಪಾಡೇನು? ದಾಖಲಾದ ಮೊದಲ ರೋಗಿ ತೈವಾನ್‌ನ ಹದಿನೈದು ವರ್ಷದ ಹುಡುಗ. ಅವನ ಬೆನ್ನುಹುರಿಯ ದ್ರವದಲ್ಲಿ ಜಂತು ಸಿಕ್ಕಿದ ವರದಿ 1945ರಲ್ಲಿ ಪ್ರಕಟವಾಯಿತು. ಆಗಿನ್ನೂ ಬಂಗಾರದ ಬಸವನಹುಳು ಬಂದಿರಲಿಲ್ಲ. ಬಂದ ಮೇಲೆ ರೋಗ ಗುಂಪು ಗುಂಪಾಗಿ ಕಾಣಿಸಿಕೊಂಡಿತು. 1998–99ರಲ್ಲಿ ತೈವಾನ್‌ನ ಕಾವ್‌ಸ್ಯೂಂಗ್‌ನಲ್ಲಿ ದುಡಿಯಲು ಬಂದಿದ್ದ ಥಾಯ್ ಕಾರ್ಮಿಕರು ಸಾಲಾಗಿ ಆಸ್ಪತ್ರೆ ಸೇರಿದರು. ಈಶಾನ್ಯ ಥಾಯ್ಲೆಂಡಿನಲ್ಲಿ ಕೆರೆಯ ಬಸವನಹುಳುವನ್ನು ಹಸಿಯಾಗಿ ಕೊಚ್ಚಿ, ನಿಂಬೆರಸ, ಮೆಣಸಿನಕಾಯಿ ಬೆರೆಸಿ ತಿನ್ನುವ ರೂಢಿ ಇದೆ. ಮನೆಯಿಂದ ದೂರ ಇದ್ದವರು ಸಿಕ್ಕ ಹುಳುವಿನಲ್ಲಿ ಊರಿನ ಅಡುಗೆ ಮಾಡಿಕೊಂಡರು. ಅವರನ್ನು ಅಜ್ಞಾನಿಗಳೆಂದು ಬೈಯುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಪರದೇಶದಲ್ಲಿರುವ ಕನ್ನಡಿಗರು ಊರಿನ ಅಡುಗೆಗಾಗಿ ಪಡುವ ಪಾಡು ನಮಗೆ ತಿಳಿಯದ್ದೇ? ಹಸಿ ತಿನ್ನುವುದರ ಅಪಾಯವನ್ನು ಅವರ ಭಾಷೆಯಲ್ಲಿ ಅವರಿಗೆ ಮೊದಲೇ ಹೇಳುವವರು ಬೇಕಿತ್ತು.

2006ರಲ್ಲಿ ಬೀಜಿಂಗ್‌ನಲ್ಲಿ ಆದದ್ದಂತೂ ಹಳ್ಳಿಯ ರೂಢಿಯಿಂದ ಆದದ್ದಲ್ಲ. ನಗರದ ಒಂದು ಹೋಟೆಲಿನಲ್ಲಿ ಬಸವನಹುಳುವಿನ ಖಾರದ ತಣ್ಣನೆಯ ತಿನಿಸು ಜನಪ್ರಿಯವಾಗಿತ್ತು. ಸಮುದ್ರದ ಬಸವನಹುಳುವಿನ ಬದಲು ಸಿಹಿನೀರಿನ ಈ ಹುಳುವನ್ನು ಬಳಸಿದರು, ಸಾಕಷ್ಟು ಬೇಯಿಸಲಿಲ್ಲ. ಆ ಬೇಸಿಗೆಯಲ್ಲಿ 160 ಜನ ಕಾಯಿಲೆ ಬಿದ್ದರು. ತಲೆ ಸಿಡಿಯುವಂತಹ ನೋವು, ಕತ್ತು ಬಿಗಿತ, ವಾಂತಿ. ಬಟ್ಟೆ ತಾಗಿದರೂ ಚರ್ಮ ಉರಿಯುವುದು, ಮೈಮೇಲೆ ಇರುವೆ ಹರಿದಂತಾಗುವುದು ಈ ರೋಗದಲ್ಲಿ ಸಾಮಾನ್ಯ. ತಿಂದ ಒಂದರಿಂದ ಮೂರು ವಾರಗಳಲ್ಲಿ ಇವು ಕಾಣಿಸುತ್ತವೆ.

ಆಗುವುದು ಇಷ್ಟು. ಮನುಷ್ಯನ ಮೈ ಜಂತುವಿನ ಮನೆಯಲ್ಲ. ಇಲಿಯಲ್ಲಿ ಮಾಡುವಂತೆಯೇ ಅದು ಮಿದುಳಿಗೆ ಏರುತ್ತದೆ, ಆದರೆ ಸಾಮಾನ್ಯವಾಗಿ ಅಲ್ಲೇ ಸಾಯುತ್ತದೆ. ಸತ್ತ ಜಂತುವಿನ ಸುತ್ತ ನಮ್ಮ ರಕ್ಷಣಾ ವ್ಯವಸ್ಥೆ ರೇಗಿ ಮಿದುಳಿನ ಪೊರೆ ಊದಿಕೊಳ್ಳುತ್ತದೆ. ಬೆನ್ನುಹುರಿಯ ದ್ರವ ತೆಗೆದು ನೋಡಿದರೆ ಇಯೊಸಿನೊಫಿಲ್ ಎಂಬ ಬಿಳಿ ರಕ್ತಕಣಗಳು ತುಂಬಿರುತ್ತವೆ. ಬಿಳಿ ಕಣಗಳಲ್ಲಿ ಶೇ 10 ಅಥವಾ ಹೆಚ್ಚು ಅವೇ ಇದ್ದರೆ ವೈದ್ಯರು ಈ ದಿಕ್ಕಿನಲ್ಲಿ ಯೋಚಿಸುತ್ತಾರೆ. ಹೆಚ್ಚಿನವರು ಗುಣವಾಗುತ್ತಾರೆ. ಬೀಜಿಂಗ್‌ನ ರೋಗಿಗಳಲ್ಲೂ ಯಾರೂ ಸಾಯಲಿಲ್ಲ. ಉರಿಯೂತ ತಗ್ಗಿಸಲು ಸ್ಟೆರಾಯ್ಡ್, ಒತ್ತಡ ಇಳಿಸಲು ಬೆನ್ನುಹುರಿಯ ದ್ರವ ತೆಗೆಯುವುದು, ನೋವಿಗೆ ಔಷಧಿ, ಇವು ಮುಖ್ಯ ಚಿಕಿತ್ಸೆ. ಆದರೆ ಒಮ್ಮೆಗೇ ಬಹಳ ಜಂತುಗಳು ಹೊಕ್ಕವರಲ್ಲಿ ಕೈಕಾಲು ಬಿದ್ದುಹೋಗುವುದು, ಕೋಮಾ, ಸಾವು ಕೂಡ ಸಂಭವಿಸಿವೆ.

ಮುಂದಿನ ಸಾಲಿನಿಂದ ಒಬ್ಬರು ಒಳ್ಳೆಯ ಪ್ರಶ್ನೆ ಕೇಳಿದರು: ಖಾರ, ಹುಳಿ, ಮದ್ಯ ಹಾಕಿದರೆ ಜಂತು ಸಾಯುವುದಿಲ್ಲವೇ? ಅದನ್ನು ನಂಬಿಕೊಳ್ಳಲಾಗದು. ಅದನ್ನು ಖಚಿತವಾಗಿ ಕೊಲ್ಲುವುದು ಬಿಸಿ. ಮೂರರಿಂದ ಐದು ನಿಮಿಷ ಕುದಿಯಬೇಕು, ಒಳಗಿನ ತಿರುಳಿಗೂ ಬಿಸಿ ಮುಟ್ಟಬೇಕು. ಚಿಪ್ಪಿನೊಳಗೆ ಮುದುಡಿಕೊಂಡ ಮಾಂಸಕ್ಕೆ ಬಿಸಿ ತಡವಾಗಿ ತಲುಪುತ್ತದೆ. ಬೀಜಿಂಗ್ ಪ್ರಕರಣ ಇಲ್ಲೇ ಎಡವಿತು.

ಇದೆಲ್ಲ ದೂರದ ದೇಶದ ಮಾತು ಎಂದು ಎದ್ದು ಹೋಗಬೇಡಿ. ಇಲಿಯ ಶ್ವಾಸಕೋಶದ ಜಂತು ನಮ್ಮ ದೇಶದಲ್ಲೂ ಇದೆ. ಮುಂಬೈಯ ಇಲಿ ಹೆಗ್ಗಣಗಳಲ್ಲಿ ಅದು ಇದ್ದದ್ದು 1980ರ ದಶಕದ ಆರಂಭದಲ್ಲೇ ವರದಿಯಾಗಿದೆ. ಕೇರಳದ ವೈದ್ಯರು ಇದೇ ಬಗೆಯ ಮಿದುಳು ಪೊರೆಯ ಉರಿಯೂತವನ್ನು ಉಡದ ಹಸಿ ಮಾಂಸ ತಿಂದವರಲ್ಲಿ ಕಂಡಿದ್ದಾರೆ. ಉಡ ಬಸವನಹುಳುಗಳನ್ನು ತಿನ್ನುತ್ತದೆ, ಮರಿಜಂತುಗಳು ಅದರ ಮಾಂಸದಲ್ಲಿ ಬೆಳೆಯದೆ ಹಾಗೇ ಕಾದಿರುತ್ತವೆ. ಉಡದ ಮಾಂಸದಿಂದ ಶಕ್ತಿ ಬರುತ್ತದೆ ಎಂಬ ನಂಬಿಕೆ ನಮ್ಮ ಕಡೆಯೂ ಇದೆ. ಉಡವನ್ನು ಕೊಲ್ಲುವುದು 1972ರ ವನ್ಯಜೀವಿ ಕಾಯ್ದೆಯ ಪ್ರಕಾರ ಅಪರಾಧ; ಹಸಿಯಾಗಿ ತಿನ್ನುವುದು ಮಿದುಳಿಗೆ ಅಪಾಯ. ಯಾರಾದರೂ ಕೇಳಿದರೆ ಎರಡನ್ನೂ ಹೇಳಿ.

ಆಫ್ರಿಕದ ದೈತ್ಯ ಬಸವನಹುಳು ಕೊಡಗಿನ ಕಾಫಿ ತೋಟಗಳವರಿಗೆ ಹೊಸದಲ್ಲ. ಅದು ನೆಲದ ಮೇಲಿನದು, ಗದ್ದೆಯದಲ್ಲ. 1847ರಲ್ಲಿ ವಿಲಿಯಂ ಬೆನ್ಸನ್ ಎಂಬ ಬ್ರಿಟಿಷ್ ಅಧಿಕಾರಿ ಮಾರಿಷಸ್‌ನಿಂದ ಜೀವಂತ ಹುಳುಗಳನ್ನು ತಂದು ಕೋಲ್ಕತ್ತದ ತೋಟವೊಂದಕ್ಕೆ ಬಿಟ್ಟರು. ಒಬ್ಬ ಸಂಗ್ರಾಹಕನ ಆಸಕ್ತಿಯಿಂದ ಶುರುವಾದದ್ದು ಇವತ್ತು ಕಾಫಿ ಗಿಡದ ತೊಗಟೆಯವರೆಗೆ ಬಂದಿದೆ. ಅಂದರೆ ಇಲಿ ಇಲ್ಲಿದೆ, ಜಂತು ಇಲ್ಲಿದೆ, ನೆಲದ ಮೇಲೆ ಅದಕ್ಕೆ ಆಶ್ರಯ ಕೊಡುವ ಪರದೇಶಿ ಹುಳುವೂ ಇದೆ. ತುಂಗಭದ್ರಾ, ಕಾವೇರಿ ಅಚ್ಚುಕಟ್ಟುಗಳಲ್ಲಿ ವರ್ಷಕ್ಕೆ ಎರಡು ಬೆಳೆಗೆ ನೀರು ನಿಲ್ಲುವ ಗದ್ದೆಗಳಿವೆ. ಬಂಗಾರದ ಬಸವನಹುಳು ಮ್ಯಾನ್ಮಾರ್‌ವರೆಗೆ ಬಂದಿದೆ. 2020ರಲ್ಲಿ ಕೆನ್ಯಾದ ಮ್ವೆಯಾ ನೀರಾವರಿ ಪ್ರದೇಶದ ಭತ್ತದ ಗದ್ದೆಗಳಲ್ಲೂ ಅದು ಪತ್ತೆಯಾಯಿತು. ಸಾಗರ ದಾಟಿದ ಪ್ರಾಣಿಗೆ ಗಡಿ ದಾಟುವುದು ಕಷ್ಟವಲ್ಲ.

ನಮ್ಮ ಊರುಗಳಲ್ಲಿ ನನಗೆ ಹೆಚ್ಚು ಆತಂಕವಿರುವುದು ಅಕ್ವೇರಿಯಂ ವ್ಯಾಪಾರದ ಬಗ್ಗೆ. ಗಾಜಿನ ತೊಟ್ಟಿಯ ಪಾಚಿ ತಿನ್ನಲೆಂದು ಹಳದಿ, ನೀಲಿ ಬಣ್ಣದ ಚೆಂದದ ಬಸವನಹುಳುಗಳನ್ನು ಮಿಸ್ಟರಿ ಸ್ನೇಲ್ ಎಂದು ಮಾರುತ್ತಾರೆ. ಇವು ಇದೇ ಪೊಮೇಸಿಯಾ ಕುಲದವು. ಸಾಮಾನ್ಯವಾಗಿ ಮಾರುವ ಜಾತಿ ಭತ್ತ ತಿನ್ನುವ ಜಾತಿಯಲ್ಲ, ನಿಜ. ಆದರೆ ಮರಿ ಹುಳುಗಳನ್ನು ನೋಡಿ ಜಾತಿ ಹೇಳುವುದು ಅಂಗಡಿಯವರಿಂದಾಗದು. ಸ್ಪೇನ್‌ನ ಎಬ್ರೊ ನದಿಯ ಮುಖಜ ಭೂಮಿಯಲ್ಲಿ 2009ರಲ್ಲಿ ಇದರ ಹತ್ತಿರದ ಸಂಬಂಧಿಯೊಂದು ಭತ್ತಕ್ಕೆ ಬಿದ್ದ ಮೇಲೆ, ಐರೋಪ್ಯ ಒಕ್ಕೂಟ 2012ರಲ್ಲಿ ಇಡೀ ಕುಲವನ್ನೇ ನಿಷೇಧಿಸಿತು. ಜಾತಿ ಜಾತಿ ಎಂದು ವಿಂಗಡಿಸುತ್ತಾ ಕೂರಲಿಲ್ಲ. ನಾವೂ ಹಾಗೆಯೇ ಮಾಡಬೇಕೆಂದು ನನ್ನ ಸ್ಪಷ್ಟ ಅಭಿಪ್ರಾಯ. ಮನೆಯಲ್ಲಿ ಸಾಕಿದವರು ಬೇಡವಾದ ಹುಳುವನ್ನು ಕೆರೆಗೆ, ಚರಂಡಿಗೆ ಬಿಡಬೇಡಿ. ಪುಣ್ಯ ಬರುತ್ತದೆಂದು ಬಿಡುವವರೂ ಇದ್ದಾರೆ, ಅವರಿಗೆ ನೀವೇ ತಿಳಿಸಿ ಹೇಳಬೇಕು.

ಹೊಲ ಗದ್ದೆಯವರಿಗೆ ಫಿಲಿಪ್ಪೀನ್ಸ್‌ನ ರೈತರು ಕಷ್ಟಪಟ್ಟು ಕಲಿತದ್ದನ್ನು ಹೇಳಿ ಮುಗಿಸುತ್ತೇನೆ. ನೀರು ಒಳಬರುವ ತೂಬಿಗೆ ಬಲೆ ಕಟ್ಟುತ್ತಾರೆ. ಗದ್ದೆಯ ಅಂಚಿನಲ್ಲಿ ಸಣ್ಣ ಕಾಲುವೆ ತೆಗೆದು ನೀರು ಇಳಿಸಿದಾಗ ಹುಳುಗಳೆಲ್ಲ ಅದರಲ್ಲಿ ಸೇರುತ್ತವೆ. ಪಪ್ಪಾಯಿ ಎಲೆ, ಕೆಸುವಿನ ಎಲೆ ಹಾಕಿ ಅಲ್ಲಿಗೆ ಸೆಳೆದು ಬೆಳಗ್ಗೆ ಸಂಜೆ ಆಯುತ್ತಾರೆ. ಬಲಿತ ಸಸಿ ನಾಟಿ ಮಾಡುತ್ತಾರೆ, ಮೊದಲ ವಾರಗಳಲ್ಲಿ ನೀರನ್ನು ಎರಡು ಮೂರು ಸೆಂಟಿಮೀಟರ್‌ಗಿಂತ ಹೆಚ್ಚು ನಿಲ್ಲಿಸುವುದಿಲ್ಲ, ಪೈರು ಗಟ್ಟಿಯಾದ ಮೇಲೆ ಬಾತುಕೋಳಿ ಬಿಡುತ್ತಾರೆ. ಗದ್ದೆಯಲ್ಲಿ ಬಿದಿರಿನ ಗಳಗಳನ್ನು ನೆಟ್ಟರೆ ತಾಯಿಹುಳು ಮೊಟ್ಟೆಯಿಡಲು ಅವನ್ನೇ ಹತ್ತುತ್ತದೆ, ಗೊಂಚಲುಗಳನ್ನು ಒಟ್ಟಿಗೆ ತೆಗೆಯಲು ಸುಲಭ. ನಿಮ್ಮ ಗದ್ದೆಯಲ್ಲಿ ಎಂದಾದರೂ ಇಂತಹ ಗೊಂಚಲು ಕಂಡರೆ ಮೊದಲು ಮೊಬೈಲ್‌ನಲ್ಲಿ ಚಿತ್ರ ತೆಗೆಯಿರಿ. ಬರಿಗೈಯಲ್ಲಿ ಮುಟ್ಟದೆ, ಕೈಗವಸು ಹಾಕಿಕೊಂಡು ಅಥವಾ ಕೋಲಿನಿಂದ ಕೆರೆದು ಪೂರ್ತಿ ಜಜ್ಜಿ. ಸುತ್ತಲಿನ ಬದು, ತೂಬು, ಕಾಲುವೆಯ ಗೋಡೆಗಳನ್ನು ಅದೇ ದಿನ ಹುಡುಕಿ. ಕೈಕಾಲು ಸೋಪು ಹಾಕಿ ತೊಳೆಯಿರಿ. ಆ ಚಿತ್ರವನ್ನು ಮರುದಿನವೇ ನಿಮ್ಮ ರೈತ ಸಂಪರ್ಕ ಕೇಂದ್ರಕ್ಕೋ ಕೃಷಿ ವಿಜ್ಞಾನ ಕೇಂದ್ರಕ್ಕೋ ತಲುಪಿಸಿ, ಯಾವ ಕಾಲುವೆಯ ನೀರು ನಿಮ್ಮ ಗದ್ದೆಗೆ ಬರುತ್ತದೆ ಎಂಬುದನ್ನೂ ಬರೆದುಕೊಡಿ. ಕಾಲುವೆಯ ಮೇಲಿನ ತುದಿಯಲ್ಲಿರುವವರನ್ನು ಎಚ್ಚರಿಸಲು ಅವರಿಗೆ ಅದು ಬೇಕಾಗುತ್ತದೆ.